ಬೇರೊಬ್ಬರ ದನಿಯಲ್ಲಿ ಸತ್ತ ನೋರ್ಯೋ

“ನೋಡು ಪಾರೆ, ಇಲ್ಲೀವರೆಗೆ ನಾನು ಅರವತ್ಮೂರು ಸಲ ಸತ್ತಿದೀನಿ. ಅದ್ರಲ್ಲಿ ಮೂವತ್ತೊಂದು ಸಲ ನಿನ್ ಕೈಯಿಂದ್ಲೇ. ನೀರಿನ ಟ್ಯಾಂಕಿಂದ ಬಿದ್ದು ಸತ್ತೆ, ಹಂದಿ ಗೂಡಲ್ಲಿ ಸತ್ತೆ, ರಬ್ಬರ್ ಮೊಸಳೆ ಬಾಯಲ್ಲಿ ಸತ್ತೆ. ಆ ಮೊಸಳೆ ಬಾಯಿ ಮುಚ್ತಾನೇ ಇರ್ಲಿಲ್ಲ, ನಾನೇ ಎರಡೂ ಕೈಲಿ ಎಳ್ಕೊಂಡು ಮುಚ್ಕೋಬೇಕಾಯ್ತು, ನೆನಪಿದ್ಯಾ? ಒಂದ್ಸಲ ಬೆಳಗ್ಗೆ ಒಂದು ಸಿನಿಮಾದಲ್ಲಿ ಸತ್ತು ಮಧ್ಯಾಹ್ನ ಅದೇ ಅಂಗೀಲಿ ಇನ್ನೊಂದು ಸಿನಿಮಾದಲ್ಲಿ ಸತ್ತೆ. ರಕ್ತದ ಬಣ್ಣ ಇನ್ನೂ ಒಣಗಿರ್ಲಿಲ್ಲ. ನಂಗೇನೂ ಬೇಜಾರಿಲ್ಲಪ್ಪ. ಸಾಯೋದೂ ಒಂದು ಕಸುಬೇ. ಚೆನ್ನಾಗಿ ಸಾಯೋನು ಇಲ್ದೇ ಇದ್ರೆ ಚೆನ್ನಾಗಿ ಕೊಲ್ಲೋನು ಎಲ್ಲಿಂದ ಬರ್ತಾನೆ ಹೇಳು? ಆದ್ರೆ ನಮ್ಮೂರಲ್ಲಿ ನನ್ ಸಿನಿಮಾ ಬಂದಾಗ ಏನಾಗುತ್ತೆ ಗೊತ್ತಾ? ನಾನು ಬಿದ್ದ ತಕ್ಷಣ ಜನ ಎದ್ದು ನಿಂತು ಚಪ್ಪಾಳೆ ತಟ್ತಾರೆ. ನನ್ ಮಗಳು ಪಕ್ಕದಲ್ಲೇ ಕೂತಿರ್ತಾಳೆ. ಲೈಟ್ ಹಾಕೋಕ್ ಮುಂಚೆ ನಾವು ಮೂರ್ ಜನ ಪಕ್ಕದ್ ಬಾಗಿಲಿಂದ ನುಸುಳಿ, ಗಂಡಸರು ಉಚ್ಚೆ ಹೊಯ್ಯೋ ಓಣಿ ದಾಟ್ಕೊಂಡು, ಕಳ್ಳರ ಥರ ಮನೆ ಸೇರ್ಕೋತೀವಿ. ಅವಳಿಗೀಗ ಒಂಬತ್ತು ವರ್ಷ. ಹೋದ್ವಾರ ಕೇಳಿದ್ಲು, ‘ಅಪ್ಪ, ನಿನ್ನ ಒಳ್ಳೇವ್ನಾಗಿ ಮಾಡೋಕೆ ಅವ್ರಿಗೆ ಬರಲ್ವಾ, ಇಲ್ಲಾ ನಿಂಗೇ ಬರಲ್ವಾ?’ ಅಂತ. ನಂಗೆ ಒಂದ್ಸಲ ಸಾಕು ಪಾರೆ. ಒಂದೇ ಒಂದ್ಸಲ ನಮ್ಮೂರ ಟಾಕೀಸಲ್ಲಿ ಒಳ್ಳೇವ್ನಾಗಿ ಸಾಯ್ಬೇಕು. ಲೈಟ್ ಹಾಕಿದ್ಮೇಲೂ ನನ್ ಮಗಳ ಪಕ್ಕ ಕೂತಿರ್ಬೇಕು. ಆಮೇಲೆ ಮುಂಬಾಗಿಲಿಂದ, ಎಲ್ಲರ ಜೊತೆ, ನಿಧಾನಕ್ಕೆ ಆಚೆ ಬರ್ಬೇಕು.”

ನೋರ್ಯೋ ಮಾಗ್ತಿಬಾಯ್ ಇಷ್ಟು ಮಾತನ್ನು ಒಂದೇ ಉಸಿರಿಗೆ ಆಡಿದ್ದು ಮನಿಲಾಕ್ಕೆ ಹತ್ತಿರದ ಪಾವೊಂಬೊಂಗ್ ಎಂಬ ಊರಿನ ತನ್ನ ಮನೆಯ ಹಿತ್ತಿಲಲ್ಲಿ, ಬಾಳೆಯ ನೆರಳಲ್ಲಿ, ಬರಿಮೈಯಲ್ಲಿ ಕೂತು. ಎದುರಿಗೆ ಕೂತಿದ್ದವನು ಅರ್ಸೆನ್ಯೊ ವಿಲ್ಯಾಫ್ಲೋರ್. ಮನಿಲಾದ ಗೋಡೆ ಗೋಡೆಯ ಮೇಲೂ ಕೋವಿ ಹಿಡಿದು ನಿಂತಿರುತ್ತಿದ್ದ ನಾಯಕನಟ. ಊರಿಗೆಲ್ಲ ವಿಲ್ಯಾಫ್ಲೋರ್ ಆದರೂ ಈ ಮನೆಗೆ ಅವನು ಬರೀ ಸೆನ್ಯೊ. ನೋರ್ಯೋನ ಮಗಳು ಲಿಗಾಯಳಿಗೆ ನಾಮಕರಣದ ದಿನ ಇಗರ್ಜಿಯಲ್ಲಿ ತಲೆಗೆ ನೀರು ಬೀಳುವಾಗ ಎತ್ತಿ ಹಿಡಿದಿದ್ದವನು ಅವನೇ. ಹಾಗೆ ಹಿಡಿದವನು ಮಗುವಿಗೆ ಎರಡನೇ ತಂದೆ, ಹೆತ್ತವನಿಗೆ ಕುಂಪಾರೆ, ಸಲಿಗೆಯಲ್ಲಿ ಬರೀ ಪಾರೆ. ಒಡಹುಟ್ಟಿದವನ ಜೊತೆ ಮುನಿಸಿಕೊಳ್ಳಬಹುದು, ಕುಂಪಾರೆಯ ಜೊತೆ ಮುನಿಸಿಕೊಂಡರೆ ಊರು ಉಗಿಯುತ್ತದೆ.

ಸೆನ್ಯೊ ಸುಟ್ಟ ಬಾಂಗುಸ್ ಮೀನಿನ ಹೊಟ್ಟೆಯ ಕೊಬ್ಬನ್ನು ಬೆರಳಲ್ಲೇ ಬಿಡಿಸಿ ವಿನೆಗರಿನಲ್ಲಿ ಅದ್ದಿ ಬಾಯಿಗಿಟ್ಟುಕೊಂಡು ನಕ್ಕ.

“ಅಯ್ಯೋ, ಇಷ್ಟೇನಾ? ಮಾಡು ಮತ್ತೆ. ನಿನ್ ಸಿನಿಮಾ, ನಿನ್ ಖರ್ಚು, ನಿನ್ ಸಾವು. ನಾನು ಪಕ್ಕದಲ್ಲಿ ನಿಂತ್ಕೋತೀನಿ. ಪೋಸ್ಟರ್ ಮೇಲೆ ನನ್ ಮುಖ ಹಾಕು, ಜನ ಬರ್ತಾರೆ. ಸಂಬಳ ಬೇಡ. ಮೂವತ್ತೊಂದು ಸಲ ನಂಗೋಸ್ಕರ ಸತ್ತಿದೀಯ, ಒಂದ್ಸಲ ನಾನು ನಿಂಗೋಸ್ಕರ ಬದುಕಿರ್ತೀನಿ ಬಿಡು.”

ಕೆಂಡದ ಮುಂದೆ ಕೂತು ಮೀನು ಮಗುಚುತ್ತಿದ್ದ ನೋರ್ಯೋನ ಹೆಂಡತಿ ಸಲೂದ್ ತಲೆ ಎತ್ತಲಿಲ್ಲ. “ಈ ಮಾತು ಬರೆದು ಕೊಡ್ತೀರಾ, ಇಲ್ಲಾ ಮೀನಿನ ಜೊತೆ ನುಂಗ್ಬಿಡ್ತೀರಾ?” ಅಂದಳು.

ಸೆನ್ಯೊ ಹೊಟ್ಟೆ ಹಿಡಿದುಕೊಂಡು ನಕ್ಕ. ನೋರ್ಯೋ ನಗಲಿಲ್ಲ. ಸೆನ್ಯೊ ಹೋದ ಮೇಲೆ ಹೆಂಡತಿಗೆ, “ಕುಂಪಾರೆ ಹತ್ರ ಕಾಗದ ಕೇಳ್ತಾರೇನೇ? ಮುಖಕ್ಕೆ ಉಗಿದ ಹಾಗಾಗ್ಲಿಲ್ವಾ?” ಎಂದು ಗದರಿದ. ಸಲೂದ್‌ಗೂ ಮಾತು ಜಾಸ್ತಿಯಾಯಿತು ಅನ್ನಿಸಿತು. ಮಾರನೆಯ ದಿನ ಒಂದು ಹೂಜಿ ವಿನೆಗರ್ ಸೆನ್ಯೊನ ಮನೆಗೆ ಕಳಿಸಿದಳು.

ನೋರ್ಯೋನ ಅಪ್ಪ ಕಾಲುವೆಗಳಲ್ಲಿ ದೋಣಿ ಹಾಕಿ ವಿನೆಗರಿಗೆಂದು ನೀಪಾ ಈಚಲ ರಸ ಇಳಿಸುತ್ತಿದ್ದ. ಹತ್ತು ವರ್ಷಕ್ಕೇ ಮಗನ ಕೈಗೂ ಕತ್ತಿ ಬಂತು. ಆ ಕತ್ತಿ ಒಂದು ದಿನ ಜಾರಿ ಮೇಲ್ದುಟಿಯನ್ನು ಸೀಳಿತು. ಗಾಯ ಮಾಯಿತು, ತುಟಿ ಮಾತ್ರ ಎಡಕ್ಕೆ ಮಡಚಿಕೊಂಡೇ ಉಳಿಯಿತು. ಹತ್ತೊಂಬತ್ತಕ್ಕೆ ಮನಿಲಾದ ಹಡಗುಕಟ್ಟೆಯಲ್ಲಿ ಮೂಟೆ ಹೊರಲು ಹೋದ. ಅಲ್ಲೊಂದು ದಿನ ಯಾರೋ ಸಿನಿಮಾ ತೆಗೆಯುತ್ತಿದ್ದರು. ಕ್ರೇನಿನ ಮೇಲಿಂದ ನೀರಿಗೆ ಹಾರಬೇಕಾದವನು ಹೆದರಿ ಇಳಿದುಬಿಟ್ಟ. “ನಾನು ಹಾರ್ಲಾ?” ಎಂದು ಮೂಟೆ ಕೆಳಗಿಟ್ಟು ಕೇಳಿದವನು ನೋರ್ಯೋ. ಹಾರಿ ಮೇಲೆ ಬಂದಾಗ ನಿರ್ದೇಶಕ ಅವನ ತುಟಿ ನೋಡಿ, “ಇವನನ್ನ ಒರೆಸ್ಬೇಡಿ, ಹೀಗೇ ಇರ್ಲಿ” ಅಂದನಂತೆ. ಅಲ್ಲಿಂದ ಹದಿನಾರು ವರ್ಷ ಆ ತುಟಿಯೇ ಅನ್ನ ಹಾಕಿತು. ದರೋಡೆಕೋರ, ಕಳ್ಳಸಾಗಣೆಯವನು, ಜಮೀನ್ದಾರನ ಬಂಟ, ಹೆಣ್ಣು ಹೊತ್ತೊಯ್ಯುವವನು. ಮನೆಯಲ್ಲಿ ಕೋಳಿ ಕುಯ್ಯಬೇಕೆಂದರೆ ಕತ್ತಿಯನ್ನು ಹೆಂಡತಿಯ ಕೈಗೆ ಕೊಡುತ್ತಿದ್ದ ಮನುಷ್ಯ ಅವನು. ಆದರೆ ಸಂತೆಯಲ್ಲಿ ಮೀನು ಮಾರುವ ಹೆಂಗಸರಿಗೆ ಅದು ಬೇಕಿರಲಿಲ್ಲ. “ಹೋದ್ವಾರ ಆ ಹುಡುಗಿ ಗುಡಿಸಲಿಗೆ ಬೆಂಕಿ ಇಟ್ಟೋನು ನೀನೇ ಅಲ್ವೇನೋ ಮೂದೇವಿ? ನಿಂಗೆ ಮೀನಿಲ್ಲ, ಹೋಗು” ಎಂದು ಅರ್ಧ ತಮಾಷೆಗೆ, ಅರ್ಧ ನಿಜಕ್ಕೆ ಬೈಯುತ್ತಿದ್ದರು. ನೋರ್ಯೋ ಹಲ್ಲುಕಿರಿದು ಬರಿಗೈಯಲ್ಲಿ ವಾಪಸು ಬರುತ್ತಿದ್ದ. ಆಮೇಲೆ ಸಲೂದ್ ಹೋಗಿ ತರಬೇಕಾಗುತ್ತಿತ್ತು.

ಸಿನಿಮಾ ಶುರುವಾಯಿತು. ಸಲೂದ್ ತವರಿನಿಂದ ಬಂದ ನೀಪಾ ತೋಪನ್ನು ಮಾರಿದಳು, ಗಂಡ ಕೇಳುವ ಮೊದಲೇ. ಕಥೆ ನೋರ್ಯೋನದೇ. ಯುದ್ಧದಲ್ಲಿ ಜಪಾನಿಯರು ನಾಡು ಹಿಡಿದಿದ್ದ ಕಾಲದಲ್ಲಿ ಊರಿನವರನ್ನು ದೋಣಿಯಲ್ಲಿ ಕೂರಿಸಿಕೊಂಡು ಈಚಲ ಪೊದೆಗಳೊಳಗೆ ಬಚ್ಚಿಡುವ ಒಬ್ಬ ಅಂಬಿಗ. ಕೊನೆಗೆ ಸಿಕ್ಕಿಬೀಳುತ್ತಾನೆ. ಎಷ್ಟು ಹೊಡೆದರೂ ಬಾಯಿ ಬಿಡುವುದಿಲ್ಲ. ಸಿಪಾಯಿಗಳು ಗುಂಡಿಕ್ಕುತ್ತಾರೆ. ಕಾಡಿನ ದಂಡಿನ ನಾಯಕನಾಗಿ ಸೆನ್ಯೊ ಬಂದು ಆ ಹೆಣವನ್ನು ಹೆಗಲ ಮೇಲೆ ಹೊತ್ತು ಹೋಗುತ್ತಾನೆ. ಇಷ್ಟೇ.

ಪಾವೊಂಬೊಂಗಿನಲ್ಲಿ ಇದು ಬರೀ ಕಥೆಯಲ್ಲ. ಆ ಕಾಲದಲ್ಲಿ ಜಪಾನಿಯರು ಗಂಡಸರನ್ನೆಲ್ಲ ಚೌಕದಲ್ಲಿ ಸಾಲಾಗಿ ನಿಲ್ಲಿಸುತ್ತಿದ್ದರು. ಊರಿನವನೇ ಒಬ್ಬ ತಲೆಗೆ ಸಂತೆಬುಟ್ಟಿ ಬೋರಲು ಹಾಕಿಕೊಂಡು, ಕಣ್ಣಿಗೆ ಎರಡು ತೂತು ಮಾಡಿಕೊಂಡು ಬಂದು, ಕಾಡಿನವರ ಕಡೆಯವನು ಇವನು, ಇವನು ಎಂದು ಬೆರಳು ತೋರುತ್ತಿದ್ದ. ತೋರಿಸಿಕೊಂಡವರು ಮನೆಗೆ ಮರಳಲಿಲ್ಲ. ಬುಟ್ಟಿಯೊಳಗಿದ್ದವನು ಯಾರೆಂದು ಇಂದಿಗೂ ಪಿಸುಮಾತು. ಅಂಥ ಊರಿನಲ್ಲಿ ಬಾಯಿ ಬಿಡದೆ ಸತ್ತ ಅಂಬಿಗನ ಪಾತ್ರವೆಂದರೆ ಸಂತನ ಪಾತ್ರಕ್ಕಿಂತ ಮೇಲು.

ಚಿತ್ರೀಕರಣವೆಲ್ಲ ಊರಿನ ಕಾಲುವೆಗಳಲ್ಲೇ ನಡೆಯಿತು. ಸಲೂದ್ ಮೂವತ್ತು ಜನಕ್ಕೆ ಅನ್ನ ಬೇಯಿಸಿದಳು. ಅವಳ ತಮ್ಮ ಪೋಲ್ದೊ ಮನಿಲಾದ ರೇಡಿಯೊ ಕೆಲಸಕ್ಕೆ ರಜೆ ಹಾಕಿ ಬಂದು ನಿಂತ. ತಾಯಿ ತೀರಿಕೊಂಡ ಮೇಲೆ ಪೋಲ್ದೊನನ್ನು ಸಾಕಿದ್ದು ಅಕ್ಕ ಭಾವನೇ. ಶಾಲೆಗೆ ಕಳಿಸಿದ್ದೂ ಭಾವನೇ. ರೇಡಿಯೊ ನಾಟಕಗಳಲ್ಲಿ ಅವನು ಮುದುಕನೂ ಆಗುತ್ತಿದ್ದ, ಮುದುಕಿಯೂ ಆಗುತ್ತಿದ್ದ. ಮನೆಗೆ ಬಂದರೆ ಭಾವನ ಹಾಗೆ ಕೆಮ್ಮಿ, ಭಾವನ ಹಾಗೆ “ಲಿಗಾಯ, ನೀರು ತಾರೇ” ಅನ್ನುತ್ತಿದ್ದ. ಹುಡುಗಿ ನೀರು ಹಿಡಿದು ಓಡಿ ಬಂದು, ಮೋಸಹೋದದ್ದು ತಿಳಿದು, ಮಾವನ ಬೆನ್ನಿಗೆ ಗುದ್ದುತ್ತಿದ್ದಳು. ಮಾವನೆಂದರೆ ಅವಳಿಗೆ ಪ್ರಾಣ.

ನೋರ್ಯೋಗೆ ಓದು ನಿಧಾನ. ಹಾಗಾಗಿ ಬೆಳಗ್ಗೆ ಬೆಳಗ್ಗೆ ಪೋಲ್ದೊ ಕಾಗದ ಹಿಡಿದು ಮಾತು ಹೇಳಿಕೊಡುತ್ತಿದ್ದ. ನೋರ್ಯೋ ಹಿತ್ತಿಲಲ್ಲಿ ಅಡ್ಡಾಡುತ್ತಾ ಉರು ಹೊಡೆಯುತ್ತಿದ್ದ. ಸಲೂದ್ ಒಲೆಯ ಮುಂದಿನಿಂದಲೇ ಎಲ್ಲ ಕೇಳಿಸಿಕೊಂಡಳು. ಸಾಯುವ ಮುಂಚಿನ ಮಾತಂತೂ ಅವಳಿಗೆ ಬಾಯಿಪಾಠವಾಯಿತು.

“ನಂಗೆ ಗೊತ್ತಿರೋದು ನೀರಿನ ದಾರಿ. ಯಾರ್ ದಾಟಿದ್ರು ಅಂತ ನೀರು ನೆನಪಿಟ್ಕೊಳ್ಳಲ್ಲ. ನಾನೂ ಇಟ್ಕೊಳ್ಳಲ್ಲ.”

“ಭಾವ, ‘ನಾನೂ’ ಅನ್ನೋ ಕಡೆ ಸ್ವಲ್ಪ ನಿಲ್ಲು” ಎಂದು ಪೋಲ್ದೊನೇ ತಿದ್ದಿದ್ದು.

ಆ ಕಾಲದಲ್ಲಿ ಅಲ್ಲಿನ ಸಿನಿಮಾಗಳನ್ನು ಮಾತಿಲ್ಲದೆ ತೆಗೆಯುತ್ತಿದ್ದರು. ಕ್ಯಾಮರಾದ ಮುಂದೆ ತುಟಿ ಆಡಿಸಿದರೆ ಸಾಕು. ದನಿಯನ್ನೆಲ್ಲ ಆಮೇಲೆ ಮನಿಲಾದ ಕತ್ತಲೆ ಕೋಣೆಯೊಂದರಲ್ಲಿ, ಪರದೆ ನೋಡುತ್ತಾ, ತುಟಿಗೆ ಸರಿಯಾಗಿ ಡಬ್ಬಿಂಗ್ ಮಾಡುತ್ತಿದ್ದರು. ಅದಕ್ಕೆ ನಾಲ್ಕು ದಿನ ಸಾಕು. ಸಿನಿಮಾ ತೆರೆಕಾಣಲು ಸಿಕ್ಕಿದ್ದು ಕ್ರೈಸ್ತರ ಪವಿತ್ರ ವಾರ ಮುಗಿದ ಶನಿವಾರ. ವಾರವಿಡೀ ಮುಚ್ಚಿದ್ದ ಟಾಕೀಸುಗಳು ಅಂದು ತೆರೆಯುತ್ತವೆ, ಜನ ಮುಗಿಬೀಳುತ್ತಾರೆ. ಆ ದಿನ ಕೈತಪ್ಪಿದರೆ ಇನ್ನು ಮಳೆಗಾಲದವರೆಗೆ ಯಾರೂ ಕೇಳುವುದಿಲ್ಲ.

ಡಬ್ಬಿಂಗಿನ ಹಿಂದಿನ ದಿನ ನೋರ್ಯೋನ ತಾಯಿ ತೀರಿಕೊಂಡಳು.

ಹೆಣ ಮನೆಯಲ್ಲಿತ್ತು. ಅಂಥ ಮನೆಯಿಂದ ಮಗ ಹೊರಬೀಳುವುದಿಲ್ಲ. ಕಸ ಗುಡಿಸುವುದಿಲ್ಲ, ಬಂದವರನ್ನು ಬಾಗಿಲವರೆಗೆ ಬೀಳ್ಕೊಡುವುದೂ ಇಲ್ಲ. ಮಣ್ಣು ಮಾಡಿದ ಮೇಲೂ ಒಂಬತ್ತು ದಿನ ಜಪಮಾಲೆ. ನಲವತ್ತನೆಯ ದಿನದವರೆಗೆ ಹಾಡಿಲ್ಲ, ಸಿನಿಮಾ ಇಲ್ಲ. ಕರಿಪಟ್ಟಿ ತೋಳಿಗೆ ಕಟ್ಟಿಕೊಂಡ ನೋರ್ಯೋ ಶವದ ತಲೆಯ ಬಳಿ ಕೂತಿದ್ದಾಗ ಸೆನ್ಯೊ ಬಂದ. ಮೇಣದಬತ್ತಿ ಹಚ್ಚಿದ, ಮುದುಕಿಯ ಕೈ ಮುಟ್ಟಿ ಹಣೆಗೊತ್ತಿಕೊಂಡ, ನಿಜವಾಗಿಯೂ ಅತ್ತ. ಆಮೇಲೆ ಕುಂಪಾರೆಯ ಪಕ್ಕ ಕೂತು ಮೆಲ್ಲಗೆ ಅಂದ:

“ಡಬ್ಬಿಂಗ್ ಚಿಂತೆ ಬಿಡು ಪಾರೆ. ಅಮ್ಮನ ಹತ್ರ ಇರು. ನಿನ್ ಥರ ಮಾತಾಡೋ ಒಬ್ಬನ್ನ ಹುಡುಕ್ತೀನಿ. ನಾನೇ ಮುಂದೆ ನಿಂತು ಮಾಡಿಸ್ತೀನಿ.”

“ನನ್ ಸಾವಿನ ಮಾತು...”

“ನನ್ ಸಾವಿನ ಮಾತು ಅಂತೆ! ನಿನ್ ಸಾವು ನಂಗಿಂತ ಚೆನ್ನಾಗಿ ಯಾರಿಗೆ ಗೊತ್ತೋ?”

ನೋರ್ಯೋ ಅವನ ಕೈ ಹಿಡಿದುಕೊಂಡ. ಹೀಗೆ ಸತ್ತವಳ ಮನೆಯಲ್ಲಿ ಕೂತು ತನ್ನ ದನಿಯನ್ನು ಕುಂಪಾರೆಯ ಕೈಗೆ ಕೊಟ್ಟ. ಅಲ್ಲಿ ಹುಟ್ಟಿದ ಯಾವ ಗಂಡಸಾದರೂ ಅದನ್ನೇ ಮಾಡುತ್ತಿದ್ದ.

ಸಿನಿಮಾ ಮನಿಲಾದಲ್ಲಿ ಓಡಿತು. ಚೆನ್ನಾಗಿಯೇ ಓಡಿತು. ಜಪಕ್ಕೆ ಬಂದವರು ಆ ಸುದ್ದಿ ಹೇಳುತ್ತಿದ್ದರು. “ನೋಡಿದೆ” ಎಂದವರು ಮುಂದೆ ಏನೂ ಹೇಳದೆ ಶುಂಠಿ ಕಷಾಯದ ಲೋಟಕ್ಕೆ ಬಾಯಿ ಹಚ್ಚುತ್ತಿದ್ದರು. ಸಲೂದ್ ಕಿವಿಗೆ ಆ ಮೌನ ಚುಚ್ಚಿತು. ದುಃಖದ ಮನೆಯಲ್ಲಿ ಸಿನಿಮಾ ಮಾತು ಯಾಕೆಂದು ಸುಮ್ಮನಾಗಿರಬೇಕು ಎಂದು ತನಗೆ ತಾನೇ ಸಮಾಧಾನ ಹೇಳಿಕೊಂಡಳು. ಪೋಲ್ದೊ ಒಂಬತ್ತನೆಯ ದಿನಕ್ಕೂ ಬರಲಿಲ್ಲ, ನಲವತ್ತನೆಯ ದಿನಕ್ಕೂ ಬರಲಿಲ್ಲ. ರೇಡಿಯೊದಲ್ಲಿ ಕೆಲಸ ಜಾಸ್ತಿ ಎಂದು ಹೇಳಿ ಕಳಿಸಿದ. ಸೆನ್ಯೊ ದೊಡ್ಡ ಹೂಚಕ್ರ ಕಳಿಸಿದ.

ನಲವತ್ತನೆಯ ದಿನದ ಊಟ ಮುಗಿದ ಮಾರನೆಯ ಭಾನುವಾರ, ಸಂತೆಕಟ್ಟೆಯ ಹಿಂದಿನ ಟಾಕೀಸಿನಲ್ಲಿ ಮಧ್ಯಾಹ್ನದ ಆಟಕ್ಕೆ ಸಿನಿಮಾ ಬಂತು. ಟಾಕೀಸಿನವನು ನೋರ್ಯೋಗಾಗಿಯೇ ಅಲ್ಲಿಯವರೆಗೆ ತಡೆದಿದ್ದ. ನೋರ್ಯೋ ಗಂಜಿ ಹಾಕಿದ ಬಿಳಿ ಅಂಗಿ ತೊಟ್ಟ. ಲಿಗಾಯ ಕೊರಳಿಗೆ ಅಜ್ಜಿಯ ಶಿಲುಬೆ ಹಾಕಿಕೊಂಡಳು. ಸಂತೆಯ ಮೀನಿನ ಹೆಂಗಸರು ಇಡೀ ಸಾಲು ಹಿಡಿದು ಕೂತಿದ್ದರು.

ಮೊದಮೊದಲು ಎಲ್ಲ ಸರಿಯಿತ್ತು. ಅಂಬಿಗ ದೋಣಿ ಹುಟ್ಟು ಹಾಕಿದ, ಮುದುಕಿಯರನ್ನು ಎತ್ತಿ ಕೂರಿಸಿದ. ಯಾರೋ “ನಮ್ ನೋರ್ಯೋ!” ಎಂದು ಕೂಗಿದರು. ದನಿಯೂ ಅವನದೇ ಹಾಗಿತ್ತು. ನೋರ್ಯೋ ಹೆಂಡತಿಯ ಕಡೆ ಬಾಗಿ, “ಒಳ್ಳೇ ಮನುಷ್ಯನ್ನೇ ಹುಡುಕಿದಾನೆ ಪಾರೆ” ಎಂದ. ಆ ದನಿ ಉಸಿರು ತೆಗೆದುಕೊಳ್ಳುವ ರೀತಿ ಕೇಳಿದಾಗಲೇ ಅದು ಯಾರದೆಂದು ಸಲೂದ್‌ಗೆ ಗುರುತು ಸಿಕ್ಕಿತ್ತು.

ಕೊನೆಯ ದೃಶ್ಯ ಬಂತು. ಸಿಪಾಯಿಗಳು ಹೊಡೆದರು. ಪರದೆಯ ತುಂಬ ನೋರ್ಯೋನ ಮುಖ, ಎಡಕ್ಕೆ ಮಡಚಿದ ತುಟಿ. ನಂಗೆ ಗೊತ್ತಿರೋದು ನೀರಿನ ದಾರಿ ಎಂದು ತುಟಿ ಅಲುಗಿದ್ದು ಸಲೂದ್‌ಗೆ ಕಣ್ಣಾರೆ ಕಂಡಿತು. ಕಿವಿಗೆ ಬಿದ್ದದ್ದು ಬೇರೆ.

“ಹೊಡೀಬೇಡಿ, ಹೇಳ್ತೀನಿ. ಅವರೆಲ್ಲ ಮೂರನೇ ಕಾಲುವೇಲಿ ಅಡಗಿದಾರೆ. ನನ್ನೊಬ್ಬನ್ನ ಬಿಟ್ಬಿಡಿ.”

ಮರುಕ್ಷಣ ಸೆನ್ಯೊ ಕೋವಿ ಎತ್ತಿದ. ಅದು ಸಿನಿಮಾದಲ್ಲಿ ಬೇರೆಲ್ಲೋ, ಬೇರೆ ಯಾರಿಗೋ ಗುರಿಯಿಟ್ಟ ಕೋವಿ. ಅದನ್ನು ತಂದು ಇಲ್ಲಿ ಅಂಟಿಸಿದ್ದರು. ಗುಂಡು ಹಾರಿತು, ನೋರ್ಯೋ ಬಿದ್ದ. ಹೆಣ ಹೊತ್ತುಕೊಂಡು ಹೋಗುವ ದೃಶ್ಯವೇ ಇರಲಿಲ್ಲ.

ಟಾಕೀಸು ಎದ್ದು ನಿಂತು ಚಪ್ಪಾಳೆ ತಟ್ಟಿತು. ಈ ಸಲದ ಚಪ್ಪಾಳೆಯಲ್ಲಿ ತಮಾಷೆ ಇರಲಿಲ್ಲ. ಮುಂದಿನ ಸಾಲಿನಲ್ಲಿ ಗಂಡನನ್ನು ಬುಟ್ಟಿಯವನ ಬೆರಳಿಗೆ ಕಳಕೊಂಡಿದ್ದ ಒಬ್ಬ ಮುದುಕಿ ಹಿಂದಿರುಗಿ ನೋರ್ಯೋನನ್ನೇ ನೋಡಿ, ಸದ್ದಿಲ್ಲದೆ ನೆಲಕ್ಕೆ ಉಗುಳಿದಳು. ದೀಪ ಹತ್ತಿತು. ಮೂವರೂ ಕೂತೇ ಇದ್ದರು.

ಮನೆಗೆ ಬಂದ ಮೇಲೆ ಲಿಗಾಯ ಕೇಳಿದಳು, “ಯಾಕಪ್ಪ ಹಾಗಂದೆ?”

“ನಾನು ಹಾಗನ್ನಲಿಲ್ಲ ಮಗಾ. ಅದು ನನ್ ದನಿ ಅಲ್ಲ.”

“ನಿನ್ ದನಿ ನಂಗೆ ಗೊತ್ತಿಲ್ವಾ?” ಎಂದ ಹುಡುಗಿ ಶಿಲುಬೆ ಬಿಚ್ಚಿ ಅಜ್ಜಿಯ ಪೆಟ್ಟಿಗೆಯಲ್ಲಿಟ್ಟಳು. ಮಾರನೆಯ ದಿನ ಶಾಲೆಯ ಹಾದಿಯಲ್ಲಿ ಮಕ್ಕಳು ತಲೆಗೆ ಬುಟ್ಟಿ ಹಾಕಿಕೊಂಡು ಅವಳಿಗೆ ಬೆರಳು ತೋರಿಸಿದರು.

ಅಂದೇ ಗಂಡ ಹೆಂಡಿರು ಬಸ್ಸು ಹತ್ತಿ ಮನಿಲಾಕ್ಕೆ ಹೋದರು. ಸೆನ್ಯೊ ರೇಷ್ಮೆ ನಿಲುವಂಗಿಯಲ್ಲಿ ತಿಂಡಿಗೆ ಕೂತಿದ್ದ. ಇವರನ್ನು ಕಂಡು ಎದ್ದು, “ಬಾ ಪಾರೆ, ಬಾ ತಂಗಿ, ಮೊದ್ಲು ತಿಂಡಿ ತಿನ್ನಿ” ಎಂದ.

“ಏನ್ ಮಾಡ್ಬಿಟ್ಟೆ?” ಎಂದ ನೋರ್ಯೋ. ನಿಂತೇ ಇದ್ದ.

“ಕೂತ್ಕೋ, ಹೇಳ್ತೀನಿ. ಟಾಕೀಸಿನವ್ರಿಗೆ ಮಾತಿಲ್ದೇ ಇರೋ ಸಿನಿಮಾ ತೋರ್ಸಿದೆ. ಬಿದ್ದು ಬಿದ್ದು ನಕ್ರು. ಈ ಮುಖ ಒಳ್ಳೇದಾ? ಜನ ಕುರ್ಚಿ ಹರಿದು ಹಾಕ್ತಾರೆ ಅಂದ್ರು. ಜೊತೆಗೆ, ವಿಲ್ಯಾಫ್ಲೋರ್ ಸಿನಿಮಾದಲ್ಲಿ ವಿಲ್ಯಾಫ್ಲೋರ್ ಬರೀ ಹೆಣ ಹೊರೋದಾ ಅಂದ್ರು. ಶನಿವಾರ ಎದುರಿಗಿತ್ತು. ನಿನ್ ಸಿನಿಮಾ ಉಳಿಸ್ದೆ ಕಣೋ.”

“ಹೇಳಿ ಕಳಿಸ್ಬಹುದಿತ್ತು.”

“ಅಮ್ಮನ ಹೆಣದ್ ಮುಂದೆ ಕೂತೋನಿಗೆ? ನಾನೇನು ಮನುಷ್ಯ ಅಲ್ವಾ?” ಸೆನ್ಯೊನ ಕಣ್ಣಲ್ಲಿ ನೀರೂ ಬಂತು. “ಮುಂದಿನ ಸಿನಿಮಾಗೆ ನಿಂಗೆ ದೊಡ್ಡ ಪಾತ್ರ ಇಟ್ಟಿದೀನಿ ಪಾರೆ. ಜೈಲರ್. ಅರ್ಧ ಸಿನಿಮಾ ನೀನೇ.”

“ನಿಮ್ ಕೈಲೇ ಸಾಯ್ಬೇಕಾ?” ಎಂದು ಸಲೂದ್ ಕೇಳಿದಳು.

ಸೆನ್ಯೊ ಅವಳ ಕಡೆ ತಿರುಗಿ, “ಅದನ್ನ ಆಮೇಲೆ ನೋಡೋಣ ತಂಗಿ” ಎಂದ. ನಂತರ ಸಣ್ಣ ದನಿಯಲ್ಲಿ, “ಎಲ್ಲಾ ನನ್ ತಲೆಗೇ ಕಟ್ಬೇಡಿ. ದನಿ ಕೊಟ್ಟೋನು ಯಾರು ಅಂತಾನೂ ಒಂದ್ಸಲ...” ಎಂದು ಶುರು ಮಾಡಿದ.

“ಬೇಡ” ಎಂದ ನೋರ್ಯೋ. “ಅದು ಬೇಡ.” ಹೆಂಡತಿಯ ತೋಳು ಹಿಡಿದು ಹೊರಗೆ ನಡೆದ.

ಬಸ್ಸಿನ ನಿಲ್ದಾಣದಲ್ಲಿ ಸಲೂದ್, ಸೂಜಿ ದಾರ ತರಬೇಕು, ಒಂದು ಗಳಿಗೆ ಬಂದೆ ಅಂದಳು. ಹೋದದ್ದು ರೇಡಿಯೊ ಕಟ್ಟಡಕ್ಕೆ. ಪೋಲ್ದೊ ಮೆಟ್ಟಿಲಿಳಿದು ಬರುತ್ತಿದ್ದವನು ಅಕ್ಕನನ್ನು ಕಂಡು ಅಲ್ಲೇ ಕುಕ್ಕರಿಸಿದ.

“ಭಾವಂಗೆ ಗೊತ್ತಾ?” ಅದೇ ಅವನ ಮೊದಲ ಮಾತು.

“ನೀನ್ ಹೇಳು. ಭಾವಂಗೆ ಗೊತ್ತು ಅಂತ ಅಂದ್ಕೊಂಡು ಮಾಡ್ದಾ?”

ಸುಳ್ಳು ಹೇಳಲು ಅವಳೇ ದಾರಿ ಮಾಡಿಕೊಟ್ಟಿದ್ದಳು. ಹೌದು ಅನ್ನಲಿ ಎಂದು ಒಳಗೊಳಗೆ ಬೇಡಿಕೊಂಡಿದ್ದಳು. ಪೋಲ್ದೊ ಅನ್ನಲಿಲ್ಲ.

“ಇಲ್ಲ ಅಕ್ಕ. ಮೊದಲ ಮೂರು ದಿನ ಭಾವನ ಮಾತೇ ಹೇಳ್ದೆ. ನಾಲ್ಕನೇ ದಿನ ಹೊಸ ಕಾಗದ ಕೊಟ್ರು. ಓದಿ ನಡುಗಿಹೋದೆ. ಸೆನ್ಯೊ ಅಂದ್ರು, ನೀನಲ್ದೇ ಇದ್ರೆ ಇನ್ನೊಬ್ಬ, ಆದ್ರೆ ನೀನ್ ಹೇಳಿದ್ರೆ ನನ್ ಮುಂದಿನ ಸಿನಿಮಾದಲ್ಲಿ ನಿನ್ ಮುಖಾನೂ ಇರುತ್ತೆ ಅಂದ್ರು. ಎಂಟು ವರ್ಷದಿಂದ ಗೋಡೆ ಹಿಂದೆ ನಿಂತು ಮಾತಾಡ್ತಿದೀನಿ ಅಕ್ಕ. ನನ್ ಮುಖ ಯಾರೂ ನೋಡಿಲ್ಲ.”

“ಆ ಮಾತನ್ನ ಭಾವಂಗೆ ಹೇಳ್ಕೊಟ್ಟೋನೇ ನೀನಲ್ವೇನೋ. ಎಲ್ಲಿ ನಿಲ್ಬೇಕು ಅಂತ ಹೇಳ್ಕೊಟ್ಟೋನು.”

“ಅದಕ್ಕೇ ತುಟಿಗೆ ಅಷ್ಟು ಸರಿಯಾಗಿ ಕೂತಿದ್ದು” ಎಂದು ಪೋಲ್ದೊ ಮೊಣಕಾಲ ಮೇಲೆ ತಲೆಯಿಟ್ಟ. ಅಳುತ್ತಿದ್ದವನ ದನಿ ಯಾವುದೇ ಪಾತ್ರದ್ದಲ್ಲ, ಚಿಕ್ಕಂದಿನಲ್ಲಿ ಹೊಟ್ಟೆನೋವೆಂದು ಅಳುತ್ತಿದ್ದ ಹುಡುಗನದೇ. ಸಲೂದ್ ಅವನ ತಲೆ ಮುಟ್ಟಲೂ ಇಲ್ಲ, ಬೈಯಲೂ ಇಲ್ಲ. ಉಂಡ ಮನೆಗೆ ಎರಡು ಬಗೆದವನನ್ನು ಅಲ್ಲೇ ಬಿಟ್ಟು ಹೊರಗೆ ನಡೆದಳು.

ನಿಲ್ದಾಣಕ್ಕೆ ಮರಳಿದಾಗ ನೋರ್ಯೋ ಸರಿದು ಜಾಗ ಕೊಟ್ಟ.

“ಏನಂದ ಪೋಲ್ದೊ?”

ಸಲೂದ್ ಬೆಚ್ಚಿದಳು. “ನಿಂಗೆ ಯಾವಾಗ ಗೊತ್ತಾಯ್ತು?”

“ಮೊದಲ್ನೇ ಮಾತಿಗೇ. ಒಳ್ಳೇ ಮನುಷ್ಯನ್ನ ಹುಡುಕಿದಾನೆ ಅಂದ್ನಲ್ಲ, ಖುಷಿಯಾಗೇ ಅಂದಿದ್ದೆ. ನಮ್ ಹುಡುಗನೇ ನಂಗೆ ದನಿ ಕೊಟ್ಟಿದಾನೆ, ಹೇಳ್ದೇ ಆಶ್ಚರ್ಯ ಮಾಡ್ಬೇಕು ಅಂತಿದಾನೆ ಅಂದ್ಕೊಂಡಿದ್ದೆ.” ಬಸ್ಸು ಬರುವ ಕಡೆ ನೋಡುತ್ತಾ, “ಲಿಗಾಯಂಗೆ ಹೇಳ್ಬೇಡ” ಎಂದ.

“ಹೇಳ್ದೇ ಇದ್ರೆ ಅವಳು ನಿನ್ನ ನಂಬಲ್ಲ.”

“ಅಪ್ಪ ಬುಟ್ಟಿಯೋನು, ಕುಂಪಾರೆ ಕತ್ತು ಕುಯ್ದೋನು. ಮಾವನಾದ್ರೂ ಉಳೀಲಿ ಅವಳಿಗೆ.”

ಸಲೂದ್ ಒಪ್ಪಿಕೊಂಡಳು. ಆಮೇಲೆ ವರ್ಷಗಟ್ಟಲೆ ಆ ಒಪ್ಪಿಗೆ ಗಂಟಲಲ್ಲಿ ಮೀನಿನ ಮುಳ್ಳಿನಂತೆ ಸಿಕ್ಕಿಕೊಂಡಿತು.

ನೋರ್ಯೋ ಮತ್ತೆ ಸಿನಿಮಾ ತೆಗೆಯಲಿಲ್ಲ. ನಟಿಸುವುದನ್ನು ಬಿಡಲಿಲ್ಲ, ಬಿಟ್ಟರೆ ಒಲೆ ಉರಿಯಬೇಕಲ್ಲ. ಆದರೆ ಒಂದು ಶರತ್ತು ಹಾಕಿದ. ಮಾತಿರುವ ಪಾತ್ರ ಬೇಡ. ಬಾಗಿಲು ಕಾಯುವವನು, ಮೂಕ ಬಂಟ, ನೀರಲ್ಲಿ ತೇಲಿ ಬರುವ ಹೆಣ, ಯಾವುದಾದರೂ ಸರಿ. ಕ್ಯಾಮರಾದ ಮುಂದೆ ತುಟಿ ಬಿಗಿಹಿಡಿದು ನಿಲ್ಲುತ್ತಿದ್ದ. “ಸಾಯುವಾಗ ಒಂದು ‘ಅಮ್ಮಾ’ ಆದ್ರೂ ಅನ್ನಯ್ಯಾ” ಎಂದು ನಿರ್ದೇಶಕರು ಗೋಗರೆದರೂ ಬಾಯಿ ತೆರೆಯಲಿಲ್ಲ. ಹೊಸ ಹುಡುಗರು ಅದನ್ನು ಅಹಂಕಾರವೆಂದರು, ಕೆಲವರು ದೊಡ್ಡ ಕಲೆಯೆಂದರು. ಸೆನ್ಯೊನ ಸಿನಿಮಾಗಳಿಗೆ ಮಾತ್ರ ಮೂಕನಾಗಿಯೂ ಹೋಗಲಿಲ್ಲ. ಪೋಲ್ದೊಗೆ ಹೇಳಿದ್ದ ಮುಖದ ಪಾತ್ರ ಬಂತು, ಕತ್ತರಿಯಲ್ಲಿ ಹೋಯಿತು. ಅವನು ಹಬ್ಬಕ್ಕೆ ಬರುತ್ತಿದ್ದ, ಭಾವನ ಕಣ್ಣು ತಪ್ಪಿಸಿ ಉಣ್ಣುತ್ತಿದ್ದ, ಲಿಗಾಯಳಿಗೆ ರಿಬ್ಬನ್ನು ತರುತ್ತಿದ್ದ. ನೋರ್ಯೋನೇ ಅವನ ತಟ್ಟೆಗೆ ಮೀನಿನ ಹೊಟ್ಟೆಯ ತುಂಡು ಹಾಕುತ್ತಿದ್ದ.

ಲಿಗಾಯ ಅಪ್ಪನೊಂದಿಗೆ ಬೇಕಾದಷ್ಟೇ ಆಡುತ್ತಿದ್ದಳು. ಊಟಕ್ಕೆ ಬಾ. ಮಳೆ ಬಂತು. ಹಂದಿ ಹಗ್ಗ ಬಿಚ್ಚಿಕೊಂಡಿದೆ. ಹದಿನಾರಾದಾಗ ಮನಿಲಾದ ಒಂದು ಹೊಲಿಗೆ ಕಾರ್ಖಾನೆಗೆ ಸೇರಲು ನಿಂತಳು. ಅಲ್ಲಿ ಇರುವುದು ಎಲ್ಲೆಂದರೆ ಮಾವನ ಮನೆಯಲ್ಲಿ ಅಂದಳು.

“ಅಪ್ಪನ್ನ ಕೇಳ್ದಾ?” ಎಂದು ಸಲೂದ್ ಕೇಳಿದಳು. ಸಂಜೆ ನಾಲ್ಕರ ಹೊತ್ತು, ತಾಯಿ ಮಗಳು ಇಬ್ಬರೇ ಅಡುಗೆಮನೆಯಲ್ಲಿದ್ದರು.

“ಏನ್ ಕೇಳೋದು? ಮಾವ ಒಬ್ರೇ ನಮ್ ಮನೇಲಿ ತಲೆ ಎತ್ತಿ ನಡ್ಯೋರು. ಅಪ್ಪನ ಮಗಳು ಅಂತ ಇಲ್ಲಿ ಯಾರೂ ನನ್ನ ಮದುವೇನೂ ಆಗಲ್ಲ.”

ಸಲೂದ್ ಕೈಯಲ್ಲಿದ್ದ ಅಕ್ಕಿಯ ಮಡಕೆಯನ್ನು ಕೆಳಗಿಟ್ಟಳು. ಏಳು ವರ್ಷ ನುಂಗಿದ್ದ ಮಾತು ತಾನಾಗಿಯೇ ಬಾಯಿಗೆ ಬಂತು. ಸುತ್ತಿ ಬಳಸಿ ಹೇಳಲು ಅವಳಿಗೆ ಬರುತ್ತಿರಲಿಲ್ಲ.

“ಆ ದನಿ ನಿನ್ ಮಾವಂದು.”

ಲಿಗಾಯ ನಗಲು ಹೋಗಿ ಅರ್ಧಕ್ಕೆ ನಿಲ್ಲಿಸಿದಳು. ತಾಯಿ ಎಲ್ಲ ಹೇಳಿದಳು: ಹೊಸ ಕಾಗದ, ಮೆಟ್ಟಿಲು, ನಿಲ್ದಾಣ, ಅಪ್ಪ ಅಂದದ್ದು. ಹುಡುಗಿ ಮಾವನ ಮೇಲೆ ಸಿಡಿಯುತ್ತಾಳೆ, ಇಲ್ಲವೇ ಅಳುತ್ತಾಳೆ ಎಂದುಕೊಂಡಿದ್ದಳು ಸಲೂದ್. ಎರಡೂ ಆಗಲಿಲ್ಲ.

“ನಿಮ್ ಇಬ್ರಿಗೂ ಗೊತ್ತಿತ್ತು” ಎಂದಳು ಲಿಗಾಯ, ಒಂದೊಂದೇ ಮಾತು ಬಿಡಿಸಿ. “ಏಳು ವರ್ಷ. ನಾನು ಅಪ್ಪನ ಮುಖ ನೋಡ್ದೇ ಅನ್ನ ತಿಂದೆ. ನೀವು ನೋಡ್ತಾ ಕೂತಿದ್ರಿ. ಅವ್ನಿಗೆ ಮೀನು ಬಡಿಸ್ತಿದ್ರಿ. ಅವ್ನು ಮಾಡಿದ್ದು ನಾಲ್ಕನೇ ದಿನ, ಒಂದು ಮಾತು. ನೀವು ದಿನಾ ಮಾಡಿದ್ರಿ ಅಮ್ಮ.”

“ನಿಂಗೋಸ್ಕರ...”

“ನಂಗೋಸ್ಕರ ಅಂತ ಮಾತ್ರ ಹೇಳ್ಬೇಡ.”

ಅವಳು ಎದ್ದು ಹಿಂಬಾಗಿಲಿಂದ ಹೊರಗೆ ಹೋದಳು. ಹಿತ್ತಿಲಲ್ಲಿ ನೋರ್ಯೋ ಹಂದಿಗೆಂದು ಬಾಳೆದಿಂಡು ಕೊಚ್ಚುತ್ತಿದ್ದ. ಕತ್ತಿಯ ಸದ್ದು ನಿಂತಿತು. ಸಲೂದ್ ಕಿವಿಗೊಟ್ಟಳು. ಜನ್ಮವಿಡೀ ಬೇರೆಯವರ ಮಾತಿಗೆ ಕಿವಿಯಾದವಳು ಅವಳು, ಗೋಡೆಯಾಚೆಯ ಪಿಸುಮಾತೂ ತಪ್ಪುತ್ತಿರಲಿಲ್ಲ. ಈಗ ಒಂದು ಮಾತೂ ಕಿವಿಗೆ ಬೀಳಲಿಲ್ಲ. ಮಗಳು ಕೇಳಲಿಲ್ಲ, ಅಪ್ಪ ಹೇಳಲಿಲ್ಲ. ತುಸು ಹೊತ್ತಾದ ಮೇಲೆ ಕತ್ತಿಯ ಸದ್ದು ಮತ್ತೆ ಶುರುವಾಯಿತು. ಅದು ನೋರ್ಯೋನ ಕೈಯೋ ಲಿಗಾಯಳ ಕೈಯೋ, ಅಷ್ಟು ಮಾತ್ರ ಅವಳಿಗೆ ಗುರುತು ಸಿಗಲಿಲ್ಲ. ಎದ್ದು ನೋಡಬಹುದಿತ್ತು, ನೋಡಲಿಲ್ಲ.

ಅಕ್ಕಿಗೆ ನೀರು ಹಾಕಿದಳು. ಕೈಯಾಡಿಸಿ ಮೊದಲ ನೀರು ಚೆಲ್ಲಿದಳು. ಎರಡನೆಯ ನೀರನ್ನು ಹುಳಿಸಾರಿಗೆಂದು ಬೇರೆ ಪಾತ್ರೆಗೆ ಬಗ್ಗಿಸಿಟ್ಟಳು. ಮತ್ತೆ ನೀರು ಹಾಕಿ, ಬೆರಳಿನ ಗೆಣ್ಣಿನ ಅಳತೆ ನೋಡಿ, ಮಡಕೆಯನ್ನು ಒಲೆಯ ಮೇಲಿಟ್ಟು, ಊದುಕೊಳವೆ ಕೈಗೆ ತೆಗೆದುಕೊಂಡಳು.